ಕಣ್ಣು ಮುಚ್ಚಿದರೆ ಕಾಣುವ ಸಿನಿಮಾ

ಕೇಳುಗರಿಗೆ ನಮಸ್ಕಾರ. ಗಾಡಿ ಓಡಿಸುತ್ತಿರುವವರನ್ನು ಬಿಟ್ಟು ಉಳಿದವರು ಒಂದು ಕೆಲಸ ಮಾಡಿ. ಕಣ್ಣು ಮುಚ್ಚಿ, ರೆಪ್ಪೆಯ ಮೇಲೆ ಬೆರಳಿಟ್ಟು ಮೆಲ್ಲಗೆ ಒತ್ತಿ. ಬರೀ ಕತ್ತಲೆ ಕಾಣುವುದಿಲ್ಲ, ಅಲ್ವಾ? ಹಳದಿ ಚುಕ್ಕಿ, ನೀಲಿ ಮಚ್ಚೆ, ಏನೇನೋ ಮಿಣುಕುತ್ತದೆ.

ಅಮೆರಿಕದ ಸಿನಿಮಾ ನಿರ್ದೇಶಕ ಸ್ಟ್ಯಾನ್ ಬ್ರ್ಯಾಕೇಜ್ ಇದನ್ನು ‘ಮುಚ್ಚಿದ ಕಣ್ಣಿನ ನೋಟ’ ಅಂತ ಕರೆದರು. ಅದನ್ನೇ ಪರದೆಗೆ ತರಲು ಹೊರಟರು. ಕ್ಯಾಮೆರಾ ಬದಿಗಿಟ್ಟು, ಫಿಲಂ ಮೇಲೆ ಕೈಯಿಂದಲೇ ಬಣ್ಣ ಹಚ್ಚಿದರು, ಕೆರೆದರು. 16 ಮಿಲಿಮೀಟರ್ ಫಿಲಂನ ಒಂದು ಚೌಕ ಹೆಚ್ಚುಕಡಿಮೆ ಕಿರುಬೆರಳಿನ ಉಗುರಿನಷ್ಟು. ಸೆಕೆಂಡಿಗೆ ಅಂಥವು 24 ಓಡುತ್ತವೆ, ನಿಮಿಷಕ್ಕೆ 1440. ಕೂತು ಹಚ್ಚುವವನ ತಾಳ್ಮೆ ನೀವೇ ಲೆಕ್ಕ ಹಾಕಿ.

1994ರಲ್ಲಿ ಅವರು ಹೀಗೆ ಮಾಡಿದ ಒಂದು ಪುಟ್ಟ ಚಿತ್ರಕ್ಕೆ ಜರ್ಮನ್ ಕವಿ ನೊವಾಲಿಸ್‌ನ ‘ಇರುಳಿಗೆ ಹಾಡು’ಗಳಲ್ಲಿ ಮೊದಲನೆಯದೇ ಆಧಾರ. ನೊವಾಲಿಸ್ ಹೊಟ್ಟೆಪಾಡಿಗೆ ಉಪ್ಪಿನ ಗಣಿಗಳ ಅಧಿಕಾರಿ. ಗಣಿವಿದ್ಯೆ ಓದಿದವನು, ನೆಲದೊಳಗಿನ ಕತ್ತಲೆ ಗೊತ್ತಿದ್ದವನು. 1797ರಲ್ಲಿ ಅವನು ಮದುವೆಯಾಗಬೇಕಿದ್ದ ಹುಡುಗಿ ಸೋಫಿ ತೀರಿಕೊಂಡಳು. ಅವಳಿಗಿನ್ನೂ 15 ವರ್ಷ. ಹಾಡುಗಳು ಅಚ್ಚಾದದ್ದು 1800ರಲ್ಲಿ. ಮರುವರ್ಷ ಅವನೂ ಹೋದ, 28ಕ್ಕೆ.

ಆ ಮೊದಲ ಹಾಡು ಶುರುವಾಗುವುದು ಬೆಳಕನ್ನು ಹೊಗಳುತ್ತಾ. ಬೆಳಕನ್ನು ಯಾರು ತಾನೆ ಪ್ರೀತಿಸುವುದಿಲ್ಲ ಅನ್ನುತ್ತಾನೆ. ಆಮೇಲೆ ಸುಮ್ನೆ ಬೆನ್ನು ತಿರುಗಿಸಿ ಇರುಳಿನತ್ತ ಇಳಿಯುತ್ತಾನೆ. ನಕ್ಷತ್ರಗಳಿಗಿಂತ ದಿವ್ಯವಾದವು, ಇರುಳು ನಮ್ಮೊಳಗೆ ತೆರೆದ ಕಣ್ಣುಗಳು ಅನ್ನುತ್ತಾನೆ.

ಬ್ರ್ಯಾಕೇಜ್ ಈ ಕವಿಯ ಹತ್ತಿರ ಯಾಕೆ ಹೋದರು ಅನ್ನುವುದಕ್ಕೆ ನನಗೆ ಈ ಒಂದು ಮಾತು ಸಾಕು. ನೀವು ಈಗ ರೆಪ್ಪೆ ಒತ್ತಿ ನೋಡಿದಿರಲ್ಲ, ಕವಿ ಹೇಳಿದ್ದು ಆ ಕಣ್ಣಿನ ವಿಷಯವೇ ಇರಬಹುದು.

ಚಿತ್ರಕ್ಕೆ ಸದ್ದಿಲ್ಲ. (ರೇಡಿಯೊಗೆ ಚಿತ್ರವಿಲ್ಲ, ನಮ್ಮಿಬ್ಬರದ್ದೂ ಒಳ್ಳೆ ಜೋಡಿ!) ಬಣ್ಣಗಳು ಉಕ್ಕುತ್ತವೆ, ಒಡೆಯುತ್ತವೆ. ನಡುನಡುವೆ ಆ ಹಾಡಿನ ಮಾತುಗಳು ಇಂಗ್ಲಿಷಿನಲ್ಲಿ, ಕೈಯಲ್ಲಿ ಬರೆದ ಅಕ್ಷರಗಳಾಗಿ ಮಿಂಚಿ ಹೋಗುತ್ತವೆ.

ಬಣ್ಣದ ಸಹವಾಸ ಅಗ್ಗದ್ದಾಗಿರಲಿಲ್ಲ. ಬ್ರ್ಯಾಕೇಜ್ 2003ರಲ್ಲಿ ಕ್ಯಾನ್ಸರಿನಿಂದ ತೀರಿಕೊಂಡರು. ವರ್ಷಗಟ್ಟಲೆ ಬಳಸಿದ ಬಣ್ಣಗಳ ವಿಷವೇ ಕಾರಣವಿರಬಹುದು ಎಂಬ ಮಾತಿದೆ.

ನಾನು ಮೊದಲ ಸಲ ನೋಡಿದಾಗ ಅಕ್ಷರಗಳ ಹಿಂದೆ ಬಿದ್ದೆ. ಒಂದು ಪದ ಓದುವಷ್ಟರಲ್ಲಿ ಇನ್ನೊಂದು ಮಾಯ. ಸಿಟ್ಟೂ ಬಂತು. ಎರಡನೇ ಸಲ ದೀಪ ಆರಿಸಿ ಕೂತೆ, ಓದುವ ಹಟ ಬಿಟ್ಟೆ. ಮುಗಿದ ಮೇಲೆ ಕಣ್ಣು ಮುಚ್ಚಿದರೆ, ಬಣ್ಣ ಇನ್ನೂ ಓಡುತ್ತಲೇ ಇತ್ತು.