ಹೊಟ್ಟೆ ಸೀಳಿದ ಧ, ಕತ್ತಿನಲ್ಲಿ ಮೂರು ತಲೆಬುರುಡೆ

ಎಲ್ಲರಿಗೂ ನಮಸ್ಕಾರ.

ಪರದೆಯ ಮೇಲೆ ಒಂದೇ ಒಂದು ಪದ ಹಾಕಿದ್ದೇನೆ. ಧಾಲ್ಸಿಮ್. ಹಿಂದಿನ ಸಾಲಿನಲ್ಲಿ ಕೆಲವರು ನಕ್ಕಿರಿ. ಒಂದು ಕಾಲಕ್ಕೆ ವಿಡಿಯೋ ಗೇಮ್ ಅಂಗಡಿಯಲ್ಲಿ ನಾಣ್ಯ ಹಿಡಿದು ಪಾಳಿಗೆ ಕಾದವರೇ ಇರಬೇಕು ನೀವು. ಉಳಿದವರಿಗೆ ಹೇಳುತ್ತೇನೆ: ಇದು ಸ್ಟ್ರೀಟ್ ಫೈಟರ್ ಅನ್ನುವ ಜಪಾನಿನ ಹೊಡೆದಾಟದ ಆಟದಲ್ಲಿ ಬರುವ ಭಾರತದ ಯೋಗಿಯ ಹೆಸರು. ಆ ಪದ ಮೂಡಿರುವ ಫಾಂಟಿನ ಹೆಸರು ತುಂಗಾ. ಅದನ್ನು ರೂಪಿಸಿದವರು ಮುಂಬೈಯ ರಘುನಾಥ ಕೃಷ್ಣ ಜೋಶಿ. ಎಲ್ಲರೂ ಆರ್.ಕೆ. ಜೋಶಿ ಅಂತಲೇ ಕರೆಯುತ್ತಿದ್ದರು.

ಈ ಇಬ್ಬರಿಗೂ ನಂಟೇನೂ ಇಲ್ಲ. ಆದರೂ ನನ್ನ ತಲೆಯಲ್ಲಿ ಇಬ್ಬರೂ ಬಹಳ ವರ್ಷಗಳಿಂದ ಅಕ್ಕಪಕ್ಕ ಕೂತಿದ್ದಾರೆ. ಮರಾಠಿಯವರೊಬ್ಬರು ಕನ್ನಡದ ಅಕ್ಷರ ಬಿಡಿಸಿದರು. ಜಪಾನಿನವರು ಭಾರತದ ಮನುಷ್ಯನೊಬ್ಬನನ್ನು ಬಿಡಿಸಿದರು. ಬೇರೆಯವರದನ್ನು ಬಿಡಿಸುವಾಗ ಎಷ್ಟು ಹತ್ತಿರ ಹೋಗಿ ನೋಡಬೇಕು? ಇವತ್ತು ನಾನು ಮಾತಾಡಬೇಕು ಅಂದುಕೊಂಡಿರುವುದು ಇದನ್ನೇ.

ಜೋಶಿಯವರು ಹುಟ್ಟಿದ್ದು 1936ರಲ್ಲಿ. ಮುಂಬೈಯ ಜೆ.ಜೆ. ಸಂಸ್ಥೆಯಲ್ಲಿ ಕಲೆ ಕಲಿತರು. ಜಾಹೀರಾತು ಕೆಲಸಕ್ಕೆ ಸೇರಿದರು, ಉಲ್ಕಾ ಕಂಪನಿಯಲ್ಲಿ ಕಲಾ ನಿರ್ದೇಶಕರಾಗಿದ್ದರು. ಕವಿಯೂ ಹೌದು. 1983ರಲ್ಲಿ ಬಾಂಬೆ ಐಐಟಿಯ ವಿನ್ಯಾಸ ವಿಭಾಗಕ್ಕೆ ಮೇಷ್ಟ್ರಾಗಿ ಬಂದರು. 1996ರವರೆಗೆ ಅಲ್ಲೇ ಕಲಿಸಿದರು. ಆಮೇಲೆ ಮುಂಬೈಯ ರಾಷ್ಟ್ರೀಯ ತಂತ್ರಾಂಶ ಕೇಂದ್ರದಲ್ಲಿ ಕೂತು ಕಂಪ್ಯೂಟರಿಗೆ ಭಾರತದ ಲಿಪಿಗಳನ್ನು ಬಿಡಿಸತೊಡಗಿದರು. ಆಗ ಅವರಿಗೆ 60 ಆಗಿತ್ತು. ನಮ್ಮಲ್ಲಿ ಬಹಳ ಜನ ಪೆನ್ಷನ್ ಎಣಿಸುತ್ತಾ ಕೂರುವ ವಯಸ್ಸು ಅದು. ಕೋಟಿಗಟ್ಟಲೆ ಜನ ನೋಡಿದ ಅವರ ಕೆಲಸ ಶುರುವಾಗಿದ್ದೇ ಆಗ.

ವಿಂಡೋಸ್ 2000ದಲ್ಲಿ ದೇವನಾಗರಿಯ ಮಂಗಲ್, ತಮಿಳಿನ ಲತಾ ಬಂದವು. 2001ರ ವಿಂಡೋಸ್ ಎಕ್ಸ್‌ಪಿಯಲ್ಲಿ ಕನ್ನಡಕ್ಕೆ ತುಂಗಾ, ತೆಲುಗಿಗೆ ಗೌತಮಿ, ಗುಜರಾತಿಗೆ ಶ್ರುತಿ ಬಂದವು. ಎಲ್ಲವೂ ಜೋಶಿ ಮತ್ತು ಅವರ ತಂಡದ ಕೆಲಸ. ನಾನು ಶಿವಮೊಗ್ಗದಲ್ಲಿ ಬೆಳೆದವನು. ಫಾಂಟುಗಳ ಪಟ್ಟಿಯಲ್ಲಿ ನಮ್ಮ ಹೊಳೆಯ ಹೆಸರು ಕಂಡ ದಿನ ಕುರ್ಚಿಯಿಂದ ಎದ್ದು ನಿಂತಿದ್ದೆ.

ಅದಕ್ಕೂ ಮುಂಚಿನ ಪಾಡು ಹೇಳಿದರೆ ಈಗಿನ ಹುಡುಗರು ನಂಬುವುದಿಲ್ಲ. ಆಗ ಒಂದೊಂದು ಕನ್ನಡ ತಂತ್ರಾಂಶಕ್ಕೆ ಒಂದೊಂದು ಲೆಕ್ಕ. ಇಂಗ್ಲಿಷಿನ ಅಕ್ಷರಗಳ ಜಾಗದಲ್ಲಿ ಕನ್ನಡದ ತುಂಡುಗಳನ್ನು ಕೂರಿಸಿರುತ್ತಿದ್ದರು. ಯಾವ ತುಂಡು ಎಲ್ಲಿ ಅನ್ನುವುದು ಅವರವರ ಇಷ್ಟ. ನಾನು ಪ್ರೆಸ್ಸಿನಲ್ಲಿ ಪುಟ ಕಟ್ಟುತ್ತಿದ್ದೆ. ಒಮ್ಮೆ ಒಬ್ಬರು ಮಗಳ ಲಗ್ನಪತ್ರಿಕೆಯನ್ನು ಫ್ಲಾಪಿಯಲ್ಲಿ ತಂದರು. ತೆರೆದರೆ ಬರೀ ಕಸ. ಅವರು ಬಳಸಿದ ಫಾಂಟು ನಮ್ಮಲ್ಲಿರಲಿಲ್ಲ. ಪಾಪ, ಅವರು ನನ್ನ ಪಕ್ಕ ಸ್ಟೂಲ್ ಹಾಕಿಕೊಂಡು ಕೂತು, ಅತ್ತೆ ಮನೆಯವರ ಹೆಸರನ್ನೆಲ್ಲ ಒಂದೊಂದಾಗಿ ಓದಿ ಹೇಳಿದರು. ನಾನು ಮತ್ತೆ ಟೈಪ್ ಮಾಡಿದೆ. ಯುನಿಕೋಡ್ ಬಂದ ಮೇಲೆ ಕ ಅನ್ನುವುದಕ್ಕೆ ಲೋಕದಲ್ಲೆಲ್ಲ ಒಂದೇ ಸಂಖ್ಯೆ ಆಯಿತು. ಆದರೆ ಸಂಖ್ಯೆಯನ್ನು ಓದುವುದಕ್ಕಾಗುತ್ತದಾ? ಅದಕ್ಕೊಂದು ರೂಪ ಬೇಕು. ಬಹಳ ಜನರ ಕಂಪ್ಯೂಟರಿನಲ್ಲಿ ಆ ರೂಪ ತುಂಗಾ ಆಗಿತ್ತು.

ಈಗ ಕೆಲಸದ ಕಷ್ಟ ನೋಡಿ. ಜೋಶಿಯವರ ಕೈ ಪಳಗಿದ್ದು ದೇವನಾಗರಿಯಲ್ಲಿ. ಅಲ್ಲಿ ಅಕ್ಷರ ತಲೆಯ ಮೇಲಿನ ಗೆರೆಗೆ ಜೋತು ಬಿದ್ದಿರುತ್ತದೆ, ಹಗ್ಗಕ್ಕೆ ಒಣಹಾಕಿದ ಬಟ್ಟೆಯ ಹಾಗೆ. ನಮ್ಮ ಅಕ್ಷರ ಹಾಗಲ್ಲ. ಅದು ನೆಲದ ಮೇಲೆ ಗುಂಡಗೆ ಕೂತಿರುತ್ತದೆ. ತಲೆಕಟ್ಟು ಅವರವರದು, ಪಕ್ಕದವರಿಗೆ ತಾಗುವುದಿಲ್ಲ. ಗುಡಿಸು ಮೇಲೆ, ಒತ್ತು ಕೆಳಗೆ. ಇಂಗ್ಲಿಷ್ ಸಾಲಿಗೆ ಬೇಕಾದಷ್ಟೇ ಎತ್ತರದಲ್ಲಿ ಈ ಮೂರು ಅಂತಸ್ತನ್ನು ಕಟ್ಟು ಅಂದರೆ ಹೇಗೆ? ಒಂದೋ ಅಕ್ಷರ ಚಿಕ್ಕದಾಗಬೇಕು, ಇಲ್ಲವೇ ಸಾಲುಗಳ ನಡುವೆ ಜಾಗ ಜಾಸ್ತಿಯಾಗಬೇಕು. ತುಂಗಾದಲ್ಲಿ ಸಾಲಿನ ನಡುವಿನ ಜಾಗ ಜಾಸ್ತಿ. ಅದನ್ನು ಬೈದವರನ್ನು ನಾನು ಬಲ್ಲೆ. ಆದರೆ ಆ ಜಾಗ ಇರುವುದು ಒತ್ತಕ್ಷರ ಕೆಳಗಿನ ಸಾಲಿನ ಗುಡಿಸನ್ನು ತುಳಿಯದಿರಲಿ ಅಂತ.

ಕರ್ನಾಟಕ ಅಂತ ಟೈಪ್ ಮಾಡುವಾಗ ನೀವು ರ ಒತ್ತುವುದು ನ ಒತ್ತುವ ಮೊದಲು. ಪರದೆಯಲ್ಲಿ ಮೊದಲು ನಾ ಬಂದು, ಆಮೇಲೆ ಅರ್ಕಾವತ್ತು ಬರಬೇಕು. ಉಚ್ಚಾರಣೆಯ ಕ್ರಮ ಒಂದು, ಬರೆಯುವ ಕ್ರಮ ಇನ್ನೊಂದು. ಇದು ನಮಗೆ ಎರಡನೇ ಕ್ಲಾಸಿನಿಂದ ರೂಢಿ. ಹೊರಗಿನಿಂದ ಬಂದವರು ಇದನ್ನು ಒಂದೊಂದೇ ನಿಯಮವಾಗಿ ಕಂಡುಕೊಂಡು ಫಾಂಟಿನೊಳಗೆ ಬರೆದಿಡಬೇಕು. ಒಂದು ತಪ್ಪಿದರೆ ನಾಡಿನ ಹೆಸರೇ ಕೆಟ್ಟಿತು.

ತುಂಗಾ ಬಹಳ ಚೆಂದ ಅಂತ ನಾನು ಹೇಳುವುದಿಲ್ಲ. ಪುಸ್ತಕ ಅಚ್ಚು ಹಾಕುವುದಕ್ಕೆ ಒಂದು ಸಲವೂ ಬಳಸಿಲ್ಲ. ಆದರೆ ಅದರಲ್ಲಿ ಗಮನವಿದೆ. ನಮ್ಮ ಅಕ್ಷರ ಮೊದಲು ಅಚ್ಚಿಗೆ ಹೋಗಿದ್ದೂ ಹೊರಗಿನವರ ಕೈಯಲ್ಲೇ ಅಲ್ವಾ. 1817ರಲ್ಲಿ ವಿಲಿಯಂ ಕೇರಿಯ ಕನ್ನಡ ವ್ಯಾಕರಣ ಅಚ್ಚಾಗಿದ್ದು ಬಂಗಾಳದ ಶ್ರೀರಾಂಪುರದಲ್ಲಿ.

ಇನ್ನು ಧಾಲ್ಸಿಮ್. ಅವನು ಬಂದಿದ್ದು 1991ರಲ್ಲಿ, ಕ್ಯಾಪ್ಕಾಮ್ ಕಂಪನಿಯ ಸ್ಟ್ರೀಟ್ ಫೈಟರ್ 2 ಆಟದಲ್ಲಿ. ಆರಿಸಿಕೊಳ್ಳಲು ಎಂಟು ಜನ ಇದ್ದರು, ಅವರಲ್ಲಿ ಇವನೊಬ್ಬ. ಬೋಳು ತಲೆ, ಬಡಕಲು ಮೈ, ಹರಿದ ಚಡ್ಡಿ, ಕತ್ತಿನಲ್ಲಿ ಮೂರು ಪುಟ್ಟ ತಲೆಬುರುಡೆ. ಕೈಕಾಲು ರಬ್ಬರಿನಂತೆ ಉದ್ದವಾಗುತ್ತದೆ. ಬಾಯಿಂದ ಬೆಂಕಿ ಉಗುಳುತ್ತಾನೆ. ಅವನ ಕಣದಲ್ಲಿ ಆಚೆ ಈಚೆ ಆನೆಗಳ ಸಾಲು, ನಡುವೆ ಗಣಪತಿಯ ಚಿತ್ರ. ದೂರದಿಂದ ಭಾರತವನ್ನು ನೋಡಿದವರಿಗೆ ಕಂಡಿದ್ದೆಲ್ಲ ಅಲ್ಲಿದೆ. ಹೆಸರೂ ಅಷ್ಟೇ. ಧಾಲ್ಸಿಮ್ ಅಂತ ಹೆಸರಿಟ್ಟವರನ್ನು ನಾನು ಯಾವ ಊರಲ್ಲೂ ಕಂಡಿಲ್ಲ.

ನಮ್ಮ ಬೀದಿಯ ಅಂಗಡಿಯಲ್ಲಿ ಅವನನ್ನು ಯಾರೂ ಆರಿಸುತ್ತಿರಲಿಲ್ಲ. ನಿಧಾನ. ಎದುರಾಳಿ ಮೈಮೇಲೆ ಬಂದರೆ ಮುಗೀತು. ನಾನು ಮಾತ್ರ ಅವನನ್ನೇ ಹಿಡಿದೆ, ಸುಮ್ನೆ, ನಮ್ಮವನು ಅಂತ. ಆಡುತ್ತಾ ಒಂದು ವಿಷಯ ತಿಳಿಯಿತು. ಅವನು ಕೈ ಚಾಚಿದರೆ ಅರ್ಧ ಪರದೆ ದಾಟುತ್ತದೆ, ನಿಜ. ಆದರೆ ಚಾಚಿದ ಕೈಗೂ ಏಟು ಬೀಳುತ್ತದೆ. ದೂರ ನಿಂತರೂ ಅವನಿಗೆ ನೋವು ತಪ್ಪಿದ್ದಲ್ಲ. ಎಷ್ಟು ಚಾಚುತ್ತಾನೋ ಅಷ್ಟೂ ಪೆಟ್ಟಿಗೆ ಸಿಗುತ್ತಾನೆ.

ಅವನ ಹಿನ್ನೆಲೆ ಗೊತ್ತಾಗಿದ್ದು ಎಷ್ಟೋ ವರ್ಷ ಆದ ಮೇಲೆ. ಕತೆಯ ಪ್ರಕಾರ ಅವನಿಗೆ ಹೊಡೆದಾಟ ಇಷ್ಟವಿಲ್ಲ. ಹಿಂಸೆ ತಪ್ಪು ಅಂತ ನಂಬಿದವನು. ಅವನ ಹಳ್ಳಿಯಲ್ಲಿ ಬಡತನ. ಅಲ್ಲಿಯವರಿಗಾಗಿ ದುಡ್ಡು ಕೂಡಿಸಲು ಕಣಕ್ಕೆ ಇಳಿಯುತ್ತಾನೆ. ಹೆಂಡತಿ ಇದ್ದಾಳೆ, ದತ್ತ ಅಂತ ಮಗ ಇದ್ದಾನೆ. ಬೆಂಕಿ ಅಗ್ನಿದೇವರು ಕೊಟ್ಟಿದ್ದು. ಮತ್ತು ಆ ಬುರುಡೆಗಳು, ಊರಿನಲ್ಲಿ ರೋಗ ಬಂದಾಗ ತೀರಿಹೋದ ಮಕ್ಕಳವು. ಅವರ ನೆನಪಿಗೆ ಕತ್ತಿನಲ್ಲಿ ಹಾಕಿಕೊಂಡಿದ್ದಾನೆ.

ಇದನ್ನು ಓದಿದ ರಾತ್ರಿ ನನಗೆ ನಿದ್ದೆ ಬರಲಿಲ್ಲ. ಅಷ್ಟು ವರ್ಷ ನಾನು ಅವು ಶತ್ರುಗಳ ತಲೆ ಅಂದುಕೊಂಡಿದ್ದೆ. ನಮ್ಮ ಸ್ನೇಹಿತರಿಗೆಲ್ಲ ಹಾಗೆಯೇ ಹೇಳಿದ್ದೆ. ಸತ್ತ ಮಕ್ಕಳನ್ನು ನೆನೆಯಲು ಬುರುಡೆ ಹಾಕಿಕೊಳ್ಳುವ ಪದ್ಧತಿ ನಮ್ಮ ಹಳ್ಳಿಗಳಲ್ಲಿ ನಾನಂತೂ ನೋಡಿಲ್ಲ. ಊರ ಮಕ್ಕಳ ಸಾವನ್ನು ಮೈಮೇಲೆ ಹೊತ್ತು ತಿರುಗುವವರನ್ನು ನೋಡಿದ್ದೇನೆ. ಅದನ್ನು ಬರೆದವರು ನಮ್ಮ ಬಟ್ಟೆಬರೆಯನ್ನು ತಪ್ಪಾಗಿ ನೋಡಿರಬಹುದು. ಆ ದುಃಖವನ್ನು ಸರಿಯಾಗಿಯೇ ನೋಡಿದ್ದಾರೆ. 2016ರ ಸ್ಟ್ರೀಟ್ ಫೈಟರ್ 5ರಲ್ಲಿ ಅವನಿಗೆ ಬಿಳಿ ಗಡ್ಡ, ರುಮಾಲು ಬಂತು. ವಯಸ್ಸಾಗಿದೆ. ನನಗೆ ಆ ರೂಪವೇ ಹೆಚ್ಚು ಹಿಡಿಸಿತು. ನಮ್ಮ ಕಡೆಯ ಯಾವುದಾದರೂ ಜಗಲಿಯ ಮೇಲೆ ಅವನನ್ನು ಕೂರಿಸಬಹುದು.

ಜೋಶಿಯವರು 2008ರ ಫೆಬ್ರವರಿಯಲ್ಲಿ ಅಮೆರಿಕದಲ್ಲಿದ್ದಾಗ ತೀರಿಕೊಂಡರು. ಅವರನ್ನು ನಾನು ಕಂಡವನಲ್ಲ. ನನಗೆ ಗೊತ್ತಿರುವುದು ಅವರ ಅಕ್ಷರ ಮಾತ್ರ.

ಈಗ ಮತ್ತೆ ಪರದೆ ನೋಡಿ. ನಡುವಿನ ಲ್ಸಿ ನೋಡಿ. ಇ ಸ್ವರ ಕೇಳಿಸುವುದು ಸ ಆದ ಮೇಲೆ. ಆದರೆ ಗುಡಿಸು ಕೂತಿರುವುದು ಲ ಮೇಲೆ, ಸ ಒತ್ತಾಗಿ ಕೆಳಗೆ ಇಳಿದಿದೆ. ಕನ್ನಡದ್ದೇ ಅಲ್ಲದ ಹೆಸರಿಗೂ ಕನ್ನಡದ ನಿಯಮ ತಪ್ಪಿಲ್ಲ. ಇನ್ನು ಮೊದಲ ಅಕ್ಷರ, ಹೊಟ್ಟೆ ಸೀಳಿದ ಧ. ದ ಮತ್ತು ಧ ನಡುವೆ ಇರುವುದು ಆ ಸಣ್ಣ ಸೀಳು ಒಂದೇ. ಅಕ್ಷರ ಚಿಕ್ಕದಾದಾಗ ಮೊದಲು ಕಾಣೆಯಾಗುವುದೂ ಅದೇ. ತಾಳಿ, ಇದರ ಅಳತೆಯನ್ನು 12 ಪಾಯಿಂಟಿಗೆ ಇಳಿಸುತ್ತೇನೆ. ಲೈಟು ಸ್ವಲ್ಪ ಆರಿಸುತ್ತೀರಾ? ಹಿಂದಿನ ಸಾಲಿನವರು ಹೇಳಿ, ಸೀಳು ಇನ್ನೂ ಕಾಣುತ್ತಿದೆಯಾ?