ಒಂದೇ ಅಳತೆಯ ಕಣ್ಣು

ಗುರಿಕಾರ ಮಿತ್ರರೆ,

ರೈಫಲ್ಲಿಗೊಂದು ಸ್ಕೋಪ್ (ಗುರಿ ನೋಡುವ ದುರ್ಬೀನು) ಬೇಕೆಂದು ಹೊರಟವರಿಗೆ ಈಗ ಎಲ್ಲರೂ ಮೊದಲು ತೋರಿಸುವುದು ಜೂಮ್ ಇರುವ ಸ್ಕೋಪನ್ನೇ. ಉಂಗುರವನ್ನು ಸ್ವಲ್ಪ ತಿರುವಿದರೆ ಮೂರು ಪಟ್ಟು ಕಾಣುತ್ತಿದ್ದ ಗುರಿ ಒಂಬತ್ತು ಪಟ್ಟು ಹಿಗ್ಗಿ ಕಣ್ಣೆದುರಿಗೆ ಬರುವಾಗ, ವರ್ಧನೆ ಬದಲಾಗದ ಸ್ಕೋಪು ಬಡವನ ಸಾಮಾನಿನಂತೆ ಕಾಣುವುದು ಸಹಜ. ಆ ಉಂಗುರದ ಒಳಗೆ ಏನಿದೆ, ಅದಿಲ್ಲದೆ ಹೋದರೆ ನಮಗೆ ಸಿಗುವುದೇನು ಎಂಬುದೇ ಇಂದಿನ ನನ್ನ ಮಾತಿನ ವಿಷಯ. ನನ್ನ ಪಕ್ಷಪಾತವನ್ನು ಮೊದಲೇ ಹೇಳಿಬಿಡುತ್ತೇನೆ: ಒಂದೇ ವರ್ಧನೆಯ ಗಟ್ಟಿ ಸ್ಕೋಪಿನಲ್ಲಿ ಕಲಿತವನು ನಾನು, ಈಗಲೂ ಅದನ್ನೇ ಬಳಸುತ್ತೇನೆ.

ಸ್ಕೋಪಿನ ಹೊರಗಿನ ಕೊಳವೆಯೊಳಗೆ ಇನ್ನೊಂದು ಸಣ್ಣ ಕೊಳವೆ ಇರುತ್ತದೆ. ಮುಂದಿನ ಮಸೂರ ತಲೆಕೆಳಗಾಗಿ ಮೂಡಿಸಿದ ಬಿಂಬವನ್ನು ನೆಟ್ಟಗೆ ಮಾಡುವ ಮಸೂರಗಳು ಅದರಲ್ಲಿವೆ. ಅದರ ಒಂದು ತುದಿ ಕೀಲಿನಂತೆ ನಿಂತಿರುತ್ತದೆ. ಇನ್ನೊಂದು ತುದಿಯನ್ನು ಮೇಲಿನ ಮತ್ತು ಪಕ್ಕದ ಟರೆಟ್ಟುಗಳ (ಗುರಿ ಹೊಂದಿಸಲು ತಿರುವುವ ಗುಂಡಿಗಳ) ತಿರುಪುಗಳು ಒಂದೆಡೆಯಿಂದ ತಳ್ಳಿದರೆ, ಎದುರಿನಿಂದ ಒಂದು ಸ್ಪ್ರಿಂಗ್ ಒತ್ತಿ ಹಿಡಿದಿರುತ್ತದೆ. ಪ್ರತಿ ಈಡಿನ ಒದೆತವನ್ನೂ ತಾಳಿಕೊಂಡು ಈ ಒಳಕೊಳವೆ ಕೂದಲೆಳೆಯಷ್ಟೂ ಸರಿಯದೆ ತನ್ನ ಜಾಗಕ್ಕೆ ಮರಳಬೇಕು. ಸ್ಕೋಪಿನ ಬಾಳಿಕೆಯೆಂದರೆ ಮುಖ್ಯವಾಗಿ ಇದೇ. ಹೊರಮೈಯ ಬಣ್ಣವೂ ಅಲ್ಲ, ಪೆಟ್ಟಿಗೆಯ ಮೇಲಿನ ಬರಹವೂ ಅಲ್ಲ. ಜೂಮ್ ಸ್ಕೋಪಿನಲ್ಲಾದರೆ ಇದೇ ಒಳಕೊಳವೆಯ ಮಸೂರಗಳು ಎರಡು ಗುಂಪಾಗಿ, ಓರೆಯಾಗಿ ಕೊರೆದ ತೋಡುಗಳ ಗುಂಟ ಹಿಂದೆ ಮುಂದೆ ಜಾರಬೇಕು. ಜಾರಬೇಕಾದ ಭಾಗಕ್ಕೆ ಅಷ್ಟಿಷ್ಟು ಸಡಿಲ ಇರಲೇಬೇಕು. ಆ ಸಡಿಲವನ್ನು ಹದದಲ್ಲಿಡುವುದು ದುಬಾರಿ ಕೆಲಸ. ಅಗ್ಗದ ಜೂಮ್ ಸ್ಕೋಪುಗಳಲ್ಲಿ ವರ್ಧನೆ ಬದಲಿಸಿದೊಡನೆ ಗುಂಡು ಬೀಳುವ ಜಾಗವೂ ಬದಲಾಗುವುದು ಇದರಿಂದಲೇ. ಅದೇ ಹಣಕ್ಕೆ ಸಿಗುವ ಒಂದೇ ವರ್ಧನೆಯ ಸ್ಕೋಪಿನಲ್ಲಿ ಗಾಜಿಗೂ ಸ್ಪ್ರಿಂಗಿಗೂ ಟರೆಟ್ಟಿಗೂ ಹೆಚ್ಚು ಪಾಲು ದೊರೆಯುತ್ತದೆ.

ಬಾಳಿಕೆಗೆ ನಾನು ಕೊಡುವ ಉದಾಹರಣೆ ಬ್ರಿಟಿಷ್ ಸೈನ್ಯದ್ದು. ಎರಡನೆಯ ಮಹಾಯುದ್ಧದಲ್ಲಿ ಅವರು ಲೀ-ಎನ್‌ಫೀಲ್ಡ್ ನಂಬರ್ 4 ರೈಫಲ್ಲಿನ ಮೇಲೆ ಕೂರಿಸಿದ ನಂಬರ್ 32 ಸ್ಕೋಪಿನ ವರ್ಧನೆ ಬರೇ 3 ಪಟ್ಟು. ಅದನ್ನು ಮೊದಲು ರೂಪಿಸಿದ್ದು ಬ್ರೆನ್ ಮೆಷಿನ್‌ಗನ್ನಿಗೆಂದು. ಆದ್ದರಿಂದಲೇ ಆ ಭಾರ, ಆ ಗಟ್ಟಿತನ. ಒಂದು ಸ್ಕೋಪು ಒಂದೇ ರೈಫಲ್ಲಿಗೆ ಜೋಡಿಯಾಗಿರಬೇಕೆಂದು ಸ್ಕೋಪಿನ ಸಂಖ್ಯೆಯನ್ನು ರೈಫಲ್ಲಿನ ಮರದ ಹಿಡಿಯ ಮೇಲೆ ಒತ್ತುತ್ತಿದ್ದರು. 1970ರ ಸುಮಾರಿಗೆ ಆ ರೈಫಲ್ಲುಗಳನ್ನು 7.62 ಮಿ.ಮೀ. ಗುಂಡಿಗೆ ಮಾರ್ಪಡಿಸಿ ಎಲ್42 ಎಂದು ಕರೆದಾಗ, ಅದೇ ಹಳೆಯ ಸ್ಕೋಪುಗಳನ್ನು ಬಿಚ್ಚಿ, ತೊಳೆದು, ಹೊಸ ಗುಂಡಿಗೆ ತಕ್ಕಂತೆ ಅಳತೆ ಬದಲಿಸಿ ಮತ್ತೆ ಕೂರಿಸಿದರು. 1982ರ ಫಾಕ್‌ಲೆಂಡ್ಸ್ ಯುದ್ಧಕ್ಕೂ ಅವು ಹೋಗಿದ್ದವು. ಸೋವಿಯತ್ ಒಕ್ಕೂಟದ ಪಿಯು ಸ್ಕೋಪು 3.5 ಪಟ್ಟಿನದು, ನಮ್ಮ ಸೈನ್ಯವೂ ಬಳಸಿರುವ ಡ್ರಾಗುನೊವ್ ರೈಫಲ್ಲಿನ ಪಿಎಸ್‌ಒ-1 ಸ್ಕೋಪು 4 ಪಟ್ಟಿನದು. ಅಮೆರಿಕದ ಮರೀನ್ ಪಡೆ ಎಂ40ಎ1 ರೈಫಲ್ಲಿನ ಮೇಲೆ ಉನೆರ್ಟಲ್ ಕಂಪನಿಯ 10 ಪಟ್ಟಿನ ಉಕ್ಕಿನ ಸ್ಕೋಪನ್ನೂ, ಅಲ್ಲಿನ ಭೂಸೈನ್ಯ 1988ರಲ್ಲಿ ಬಂದ ಎಂ24 ರೈಫಲ್ಲಿನ ಮೇಲೆ ಲ್ಯೂಪೋಲ್ಡ್ ಕಂಪನಿಯ 10 ಪಟ್ಟಿನ ಸ್ಕೋಪನ್ನೂ ವರ್ಷಗಟ್ಟಲೆ ಬಳಸಿದವು. ಮುಂದೆ ಈ ಸೈನ್ಯಗಳಲ್ಲಿ ಹಲವು ಜೂಮ್ ಕಡೆಗೆ ಹೊರಳಿದ್ದೂ ನಿಜ, ಅದನ್ನು ಮುಚ್ಚಿಡಬೇಕಾಗಿಲ್ಲ. ಐವತ್ತು ಮೀಟರಿನಲ್ಲೂ ಸಾವಿರ ಮೀಟರಿನಲ್ಲೂ ಒಬ್ಬನೇ ಕೆಲಸ ಮಾಡಬೇಕಾದಲ್ಲಿ ಜೂಮ್ ಬೇಕು, ಮತ್ತು ಅದನ್ನು ಗಟ್ಟಿಯಾಗಿ ಮಾಡಿಸುವಷ್ಟು ಹಣ ಸೈನ್ಯದ ಬಳಿ ಇರುತ್ತದೆ. ನಮ್ಮಲ್ಲಿ ಬಹುಪಾಲು ಜನರಿಗೆ ಆ ಎರಡೂ ಮಾತು ಅನ್ವಯಿಸುವುದಿಲ್ಲ.

ಹಾಗಾದರೆ ಎಷ್ಟು ಪಟ್ಟಿನದನ್ನು ಆರಿಸಬೇಕು? ಹೊಸಬರು ಹೆಚ್ಚು ಎಡವುವುದು ಇಲ್ಲಿ. ಮುಂದಿನ ಮಸೂರದ ಅಡ್ಡಳತೆಯನ್ನು ವರ್ಧನೆಯಿಂದ ಭಾಗಿಸಿದರೆ ಸ್ಕೋಪಿನಿಂದ ಹೊರಬಂದು ಕಣ್ಣನ್ನು ಸೇರುವ ಬೆಳಕಿನ ಕಂಬದ ದಪ್ಪ ಸಿಗುತ್ತದೆ. 6×42 ಸ್ಕೋಪಿನಲ್ಲಿ (6 ಪಟ್ಟು, 42 ಮಿ.ಮೀ. ಮಸೂರ) ಅದು 7 ಮಿ.ಮೀ., 10×42ರಲ್ಲಿ 4.2 ಮಿ.ಮೀ., ಬೆಂಚಿನ ಮೇಲೆ ರೈಫಲ್ ಇಟ್ಟು ಹೊಡೆಯುವ ಸ್ಪರ್ಧೆಗಳ 36×40ರಲ್ಲಿ ಒಂದು ಮಿಲಿಮೀಟರಿಗಿಂತ ಕೊಂಚವಷ್ಟೇ ಹೆಚ್ಚು. ಕತ್ತಲಲ್ಲಿ ಹರೆಯದವರ ಕಣ್ಣಿನ ಪಾಪೆ ಸುಮಾರು 7 ಮಿ.ಮೀ. ಅಗಲಕ್ಕೆ ತೆರೆಯುತ್ತದೆ, ವಯಸ್ಸಾದಂತೆ ಅದು ಐದಕ್ಕೋ ಅದಕ್ಕೂ ಕಡಿಮೆಗೋ ಇಳಿಯುತ್ತದೆ. ನನ್ನ ವಯಸ್ಸಿನವರು 6×42 ಕೊಂಡರೆ ಅದು ಕೊಡುವ ಬೆಳಕಿನಲ್ಲಿ ಒಂದಿಷ್ಟು ಪಾಪೆಯೊಳಗೆ ಹೋಗದೆ ಸುತ್ತ ಚೆಲ್ಲಿಹೋಗುತ್ತದೆ ಎಂದರೂ ತಪ್ಪಲ್ಲ. ಆದರೂ ದಪ್ಪ ಬೆಳಕುಕಂಬಕ್ಕೆ ಇನ್ನೊಂದು ಗುಣವಿದೆ: ತಲೆ ಕೊಂಚ ಆಚೀಚೆಯಾದರೂ ಚಿತ್ರ ಕಪ್ಪಾಗುವುದಿಲ್ಲ, ಗುರಿ ಬೇಗ ಸಿಗುತ್ತದೆ. ವರ್ಧನೆ ಹೆಚ್ಚಿದಷ್ಟೂ ನೋಟದ ಹರವು ಕಿರಿದಾಗುತ್ತದೆ, ಕೈನಡುಕ ದೊಡ್ಡದಾಗಿ ಕಾಣುತ್ತದೆ, ಮಧ್ಯಾಹ್ನದ ಬಿಸಿಲಿನಲ್ಲಿ ನೆಲದಿಂದೇಳುವ ಝಳವೂ ಹಿಗ್ಗಿ ಗುರಿಹಲಗೆಯನ್ನು ನೀರಿನಲ್ಲಿ ತೇಲಿಸುತ್ತದೆ. ಐವತ್ತರಿಂದ ನೂರು ಮೀಟರಿನ .22 (0.22 ಇಂಚಿನ ಸಣ್ಣ ಗುಂಡಿನ ರೈಫಲ್) ಅಭ್ಯಾಸಕ್ಕೆ 4 ಅಥವಾ 6 ಪಟ್ಟು, ಮುನ್ನೂರು ಮೀಟರಿನಾಚೆಯ ಕಾಗದದ ಗುರಿಗೆ 10 ಪಟ್ಟು ಎಂಬುದು ನನ್ನ ಲೆಕ್ಕ. 10 ಮೀಟರ್ ಚಲಿಸುವ ಗುರಿಯ ಸ್ಪರ್ಧೆಯಲ್ಲಿ ಐಎಸ್‌ಎಸ್‌ಎಫ್ (ಅಂತರರಾಷ್ಟ್ರೀಯ ಶೂಟಿಂಗ್ ಕ್ರೀಡಾ ಒಕ್ಕೂಟ) ನಿಯಮ 4 ಪಟ್ಟಿನ ತನಕ ಮಾತ್ರ ಸ್ಕೋಪಿಗೆ ಅವಕಾಶ ಕೊಟ್ಟಿದೆ. ನಿಂತ ಗುರಿಗೆ ಹೊಡೆಯುವ ಅದರ ರೈಫಲ್ ಸ್ಪರ್ಧೆಗಳಲ್ಲಿ ಸ್ಕೋಪಿಗೇ ಜಾಗವಿಲ್ಲ, ಸಣ್ಣ ರಂಧ್ರದ ಗುರಿನೋಟವೇ ಗತಿ. ಕೊಡಗಿನ ಕೈಲ್‌ಪೊಳ್ದ್ ಹಬ್ಬದಲ್ಲಿ ತೋಕ್ ಪೂ (ಕೋವಿ ಹೂ) ಮುಡಿಸಿ ಪೂಜಿಸಿದ ಕೋವಿಯಿಂದ ಬರಿಗಣ್ಣಿನಲ್ಲೇ ತೆಂಗಿನಕಾಯಿ ಒಡೆಯುವವರನ್ನು ಕಂಡವರಿಗೆ ನಾಲ್ಕು ಪಟ್ಟು ಕಡಿಮೆ ಎನಿಸಲಾರದು.

ಆರಿಸುವಾಗ ನೋಡಬೇಕಾದ ಇನ್ನೊಂದು ಸಂಗತಿ ಪ್ಯಾರಲಾಕ್ಸ್. ಕಣ್ಣನ್ನು ಆಚೀಚೆ ಆಡಿಸಿದಾಗ ಸ್ಕೋಪಿನೊಳಗೆ ಗುರಿ ಹಿಡಿಯಲು ಇರುವ ಅಡ್ಡಗೆರೆಗಳು ಗುರಿಯ ಮೇಲೆ ತೇಲಿದಂತೆ ಕಂಡರೆ ಗುರಿಯ ಬಿಂಬವೂ ಗೆರೆಗಳೂ ಒಂದೇ ಸಮತಲದಲ್ಲಿಲ್ಲ ಎಂದರ್ಥ. ಸಾಮಾನ್ಯ ಒಂದೇ ವರ್ಧನೆಯ ಸ್ಕೋಪಿನಲ್ಲಿ ಇದನ್ನು ಒಂದು ದೂರಕ್ಕೆ ಸರಿಪಡಿಸಿ ಮುಚ್ಚಿರುತ್ತಾರೆ. ದೊಡ್ಡ ರೈಫಲ್ಲಿನದಾದರೆ ಬಹುತೇಕ 100 ಗಜದ ಆಸುಪಾಸಿಗೆ, .22ರದಾದರೆ ಅದರ ಅರ್ಧಕ್ಕೆ. ದೊಡ್ಡ ರೈಫಲ್ಲಿನ ಸ್ಕೋಪನ್ನು ತಂದು ಹತ್ತು ಮೀಟರಿನ ಏರ್ ರೈಫಲ್ಲಿಗೆ ಹಾಕಿದರೆ ಚಿತ್ರ ಮಬ್ಬಾಗುವುದಲ್ಲದೆ ಗುರಿಯೂ ತಪ್ಪುತ್ತದೆ. ಏರ್ ರೈಫಲ್ ವಿಷಯದಲ್ಲಿ ಇನ್ನೊಂದು ಎಚ್ಚರಿಕೆ ಬೇಕು. ಸ್ಪ್ರಿಂಗಿನ ಏರ್ ರೈಫಲ್ಲಿಗೆ ಒದೆತವೇ ಇಲ್ಲವೆಂದು ತಿಳಿದು ಅಗ್ಗದ ಸ್ಕೋಪು ಕಟ್ಟುವವರಿದ್ದಾರೆ. ಒಳಗಿನ ಪಿಸ್ಟನ್ ಮುಂದಕ್ಕೆ ನುಗ್ಗುವಾಗ ರೈಫಲ್ ಹಿಂದಕ್ಕೆ ಸರಿಯುತ್ತದೆ. ಅದು ತುದಿಗೆ ಬಡಿದು ನಿಲ್ಲುವಾಗ ರೈಫಲ್ ಮುಂದಕ್ಕೆ ಜಗ್ಗುತ್ತದೆ. ಹಿಂದಕ್ಕೆ ಮಾತ್ರ ಒದೆತ ತಾಳುವಂತೆ ಕೂರಿಸಿದ ಮಸೂರಗಳು ಈ ಎರಡು ದಿಕ್ಕಿನ ಜಗ್ಗಾಟಕ್ಕೆ ಸಡಿಲಗೊಳ್ಳುತ್ತವೆ. ನನ್ನ ಮೊದಲ ಸ್ಕೋಪು ಹಾಗೆಯೇ ಹಾಳಾಯಿತು: ಅಲುಗಿಸಿದರೆ ಒಳಗೆ ಗಿಲಕಿಯಂತೆ ಸದ್ದು ಮಾಡುತ್ತಿತ್ತು.

ಕೂರಿಸುವ ಕೆಲಸವನ್ನು ಅವಸರದಲ್ಲಿ ಮುಗಿಸಬಾರದು. ಗುರಿ ಕೆಟ್ಟಿತೆಂದು ಸ್ಕೋಪನ್ನು ಬೈಯುವ ಹತ್ತು ಮಂದಿಯಲ್ಲಿ ಅನೇಕರ ತಪ್ಪು ಸ್ಕೋಪನ್ನು ರೈಫಲ್ಲಿಗೆ ಹಿಡಿದಿಡುವ ಮೌಂಟಿನ ತಿರುಪುಗಳಲ್ಲಿರುತ್ತದೆ. ರೈಫಲ್ಲಿನ ಮೇಲೆ ಕೂರುವ ಬೇಸಿನ ತಿರುಪು ಮತ್ತು ಅದರ ಕುಳಿಗಳ ಎಣ್ಣೆ ಜಿಡ್ಡನ್ನು ಪೂರ್ತಿ ಒರೆಸಿ ಬಿಗಿಯಬೇಕು. ಸ್ಕೋಪನ್ನು ಸುತ್ತಿ ಹಿಡಿಯುವ ರಿಂಗುಗಳ ತಿರುಪನ್ನು ಒಂದು ಪಕ್ಕ ಪೂರಾ ಬಿಗಿದು ಆಮೇಲೆ ಇನ್ನೊಂದು ಪಕ್ಕಕ್ಕೆ ಹೋಗದೆ, ನಾಲ್ಕನ್ನೂ ಸುತ್ತುಸುತ್ತಿ ಸ್ವಲ್ಪ ಸ್ವಲ್ಪವೇ ಬಿಗಿಯಬೇಕು. ತಯಾರಕರು ಹೇಳುವ ಬಿಗಿತ ಬಹಳ ಸಲ 2 ನ್ಯೂಟನ್-ಮೀಟರಿನ ಆಸುಪಾಸಿನಲ್ಲಿರುತ್ತದೆ, ಅದು ಬೆರಳಿನ ಬಲದ್ದು, ತೋಳಿನದಲ್ಲ. ಮಿತಿ ಮೀರಿದರೆ ಕೊಳವೆ ನಜ್ಜಾಗಿ ಒಳಕೊಳವೆಯ ಓಡಾಟಕ್ಕೆ ಅಡ್ಡಿಯಾಗುತ್ತದೆ. ಪೂರ್ತಿ ಬಿಗಿಯುವ ಮೊದಲು ಕಣ್ಣು ಮುಚ್ಚಿ ರೈಫಲ್ಲನ್ನು ಕೆನ್ನೆಗೆ ತಂದು, ಕಣ್ಣು ತೆರೆದಾಗ ಪೂರ್ಣ ವೃತ್ತ ಕಾಣುವವರೆಗೆ ಸ್ಕೋಪನ್ನು ಹಿಂದೆ ಮುಂದೆ ಸರಿಸಿ ನೋಡಬೇಕು. ಕಣ್ಣಿಗೂ ಸ್ಕೋಪಿಗೂ ನಡುವೆ ಎಂಟು ಹತ್ತು ಸೆಂಟಿಮೀಟರ್ ಅಂತರ ಇರಲೇಬೇಕು. ಹುಬ್ಬಿನ ಮೇಲೆ ಅರ್ಧಚಂದ್ರದ ಗಾಯ ಮಾಡಿಕೊಂಡವರಿಗೆ ಇದನ್ನು ಎರಡನೆಯ ಸಲ ಹೇಳಬೇಕಾಗಿಲ್ಲ.

ಈಗ ಝೀರೋ, ಅಂದರೆ ಗುರಿಯಿಟ್ಟಲ್ಲೇ ಗುಂಡು ಬೀಳುವಂತೆ ಸ್ಕೋಪನ್ನು ಹೊಂದಿಸುವುದು. ನೂರು ಮೀಟರಿನಲ್ಲಿ ಒಂದು ಕೋನನಿಮಿಷ (ಡಿಗ್ರಿಯ ಅರವತ್ತನೆಯ ಒಂದು ಭಾಗ) ಎಂದರೆ ಸುಮಾರು 29 ಮಿ.ಮೀ.; ಟರೆಟ್ಟನ್ನು ತಿರುವಿದಾಗ ಆಗುವ ಕಾಲು ನಿಮಿಷದ ಒಂದು ಕ್ಲಿಕ್ಕಿಗೆ ಗುಂಡು ಅಲ್ಲಿ ಹೆಚ್ಚುಕಡಿಮೆ 7 ಮಿ.ಮೀ. ಸರಿಯುತ್ತದೆ, 25 ಮೀಟರಿನಲ್ಲಾದರೆ ಅದರ ಕಾಲುಭಾಗ. ಮೊದಲು 25 ಮೀಟರಿನಲ್ಲಿ ಶುರು ಮಾಡಿ. ಒಂದೊಂದು ಈಡಿಗೂ ಟರೆಟ್ ತಿರುವುವ ಚಟವನ್ನು ಬಿಟ್ಟು, ಮೂರೋ ಐದೋ ಈಡು ಹೊಡೆದು, ಆ ಗುಂಪಿನ ನಡುವನ್ನು ನೋಡಿ ಕ್ಲಿಕ್ಕು ಎಣಿಸಿ. ಝೀರೋ ಆದ ಮೇಲೆ ಸ್ಕೋಪಿನ ಸತ್ಯ ಪರೀಕ್ಷಿಸುವ ಹಳೆಯ ವಿಧಾನವೊಂದಿದೆ: ಒಂದೇ ಚುಕ್ಕೆಗೆ ಗುರಿಯಿಟ್ಟು ಹೊಡೆಯುತ್ತ, ಟರೆಟ್ಟನ್ನು ಇಪ್ಪತ್ತು ಕ್ಲಿಕ್ ಮೇಲೆ, ಇಪ್ಪತ್ತು ಬಲಕ್ಕೆ, ಇಪ್ಪತ್ತು ಕೆಳಗೆ, ಇಪ್ಪತ್ತು ಎಡಕ್ಕೆ ತಿರುವಬೇಕು. ನೂರು ಮೀಟರಿನಲ್ಲಿ ಸುಮಾರು ಹದಿನಾಲ್ಕೂವರೆ ಸೆಂಟಿಮೀಟರಿನ ಚೌಕವೊಂದು ಮೂಡಿ, ಕೊನೆಯ ಈಡು ಮೊದಲಿನದರ ಪಕ್ಕದಲ್ಲೇ ಬಿದ್ದರೆ ಆ ಸ್ಕೋಪನ್ನು ನಂಬಬಹುದು. ಹಾಗಾಗದಿದ್ದರೆ ಅದು ಎಷ್ಟು ಬೆಲೆಯದಾದರೂ ಹಿಂದಿರುಗಿಸಿ.

ಬಳಕೆಯಲ್ಲಿ ಒಂದೇ ವರ್ಧನೆಯ ನಿಜವಾದ ಲಾಭ ಅಡ್ಡಗೆರೆಗಳ ಅಳತೆಯಲ್ಲಿದೆ. ಬಹುಪಾಲು ಜೂಮ್ ಸ್ಕೋಪುಗಳಲ್ಲಿ ಗೆರೆಗಳು ಹಿಂದಿನ ಸಮತಲದಲ್ಲಿದ್ದು ಗುರಿಯೊಡನೆ ಹಿಗ್ಗದಿರುವುದರಿಂದ ಅವುಗಳ ಮೇಲಿನ ಗುರುತುಗಳು ಯಾವುದೋ ಒಂದು ವರ್ಧನೆಯಲ್ಲಿ ಮಾತ್ರ ಸರಿಯಾದ ಅಳತೆ ಹೇಳುತ್ತವೆ. ಉಂಗುರ ಎಲ್ಲಿದೆಯೆಂದು ಮರೆತರೆ ಲೆಕ್ಕವೆಲ್ಲ ಸುಳ್ಳು. ನಮ್ಮ ಸ್ಕೋಪಿನಲ್ಲಿ ಒಂದು ಮಿಲ್ ಯಾವಾಗಲೂ ಒಂದು ಮಿಲ್, ಅಂದರೆ ನೂರು ಮೀಟರಿಗೆ 10 ಸೆಂ.ಮೀ. ಒಂದು ಮೀಟರ್ ಎತ್ತರದ ಹಲಗೆ ಎರಡು ಮಿಲ್ ತುಂಬಿದರೆ ಅದು 500 ಮೀಟರ್ ದೂರದಲ್ಲಿದೆ ಎಂದು ಬಾಯಿಲೆಕ್ಕದಲ್ಲೇ ಹೇಳಬಹುದು. ಪಿಎಸ್‌ಒ-1ರಲ್ಲಿ 1.7 ಮೀಟರ್ ಎತ್ತರವನ್ನು ಆಧಾರವಾಗಿಟ್ಟು 1000 ಮೀಟರಿನವರೆಗೆ ದೂರ ಅಳೆಯುವ ಬಾಗಿದ ಗೆರೆಯನ್ನು ಗಾಜಿನ ಮೇಲೆಯೇ ಕೊರೆದಿಟ್ಟದ್ದು ಸಾಧ್ಯವಾದದ್ದು ವರ್ಧನೆ ಬದಲಾಗದ್ದರಿಂದಲೇ. ಐವತ್ತು ಮೀಟರಿಗೆ ಝೀರೋ ಮಾಡಿದ ಸಾಮಾನ್ಯ ವೇಗದ .22 ಗುಂಡು ನೂರು ಮೀಟರಿನಲ್ಲಿ ಸುಮಾರು ಇಪ್ಪತ್ತು ಸೆಂಟಿಮೀಟರ್ ಕೆಳಗೆ ಬೀಳುತ್ತದೆ. ಆ ಇಳಿತ ನಿಮ್ಮ ಗೆರೆಯ ಯಾವ ಗುರುತಿಗೆ ಸಮನೆಂದು ಒಮ್ಮೆ ಹೊಡೆದು ಬರೆದಿಟ್ಟುಕೊಂಡರೆ, ಮುಂದಿನ ವರ್ಷವೂ ಅದೇ ಗುರುತು. ತಿಂಗಳುಗಟ್ಟಲೆ ಒಂದೇ ಅಳತೆಯಲ್ಲಿ ನೋಡಿದ ಕಣ್ಣು ದೂರವನ್ನು ತಾನಾಗಿಯೇ ಊಹಿಸತೊಡಗುತ್ತದೆ; ಕುದುರೆಯ (ಟ್ರಿಗರ್) ಮೇಲಿನ ಬೆರಳಿಗೆ ಅಷ್ಟರಮಟ್ಟಿಗೆ ಯೋಚನೆ ಕಡಿಮೆ.

ಜೋಪಾನದ ಮಾತನ್ನು ಮಲೆನಾಡಿನವರಿಗೆ ವಿಶೇಷವಾಗಿ ಹೇಳಬೇಕು. ಒಳ್ಳೆಯ ಸ್ಕೋಪಿನೊಳಗಿನ ತೇವದ ಗಾಳಿಯನ್ನು ತೆಗೆದು ಸಾರಜನಕ ತುಂಬಿ ರಬ್ಬರ್ ಉಂಗುರಗಳಿಂದ ಮುಚ್ಚಿರುತ್ತಾರೆ. ಹಾಗಾಗಿ ಒಳಗೆ ಮಂಜು ಕಟ್ಟದು. ಕಟ್ಟಿದರೆ ಮುಚ್ಚಿಗೆ ಕೆಟ್ಟಿದೆ ಎಂದೇ ಅರ್ಥ, ಬಿಸಿಲಿಗಿಟ್ಟು ಸರಿಮಾಡಲಾಗದು. ಆದರೆ ಹೊರಗಿನ ಗಾಜಿಗೆ ಜೂನ್ ತಿಂಗಳಿನ ಮಳೆಗಾಲದ ಬೂಷ್ಟು ಹತ್ತುತ್ತದೆ, ಕ್ಯಾಮರಾ ಇಟ್ಟುಕೊಂಡವರಿಗೆ ಈ ಕಾಟ ಗೊತ್ತಿದೆ. ಒಮ್ಮೆ ಬೇರು ಬಿಟ್ಟ ಬೂಷ್ಟು ಮಸೂರದ ಲೇಪನವನ್ನೇ ತಿನ್ನುತ್ತದೆ. ತೊಗಲಿನ ಚೀಲ ತೇವ ಹೀರಿ ಹಿಡಿದಿಟ್ಟುಕೊಳ್ಳುವುದರಿಂದ ಅದರಲ್ಲಿಡಬೇಡಿ. ಗಾಳಿಯಾಡದ ಡಬ್ಬಿಯಲ್ಲಿ ಸಿಲಿಕಾ ಜೆಲ್ ಪೊಟ್ಟಣದೊಡನೆ ಇಡಿ, ಪೊಟ್ಟಣವನ್ನು ಆಗಾಗ ಬಿಸಿ ಮಾಡಿ ಒಣಗಿಸಿ. ಗಾಜಿನ ಮೇಲೆ ಮಣ್ಣಿನ ಕಣ ಕೂತಿದ್ದರೆ ಮೊದಲು ಊದಿ, ಮೆತ್ತನೆಯ ಕುಂಚದಿಂದ ಝಾಡಿಸಿ, ಬಟ್ಟೆ ಹಚ್ಚುವುದು ಕೊನೆಗೆ. ಅಂಗಿಯ ಚುಂಗಿನಿಂದ ಒರೆಸುವ ನಮ್ಮ ಅಭ್ಯಾಸದಿಂದ ಹಾಳಾದ ಮಸೂರಗಳು ಒದೆತದಿಂದ ಹಾಳಾದವುಗಳಿಗಿಂತ ಕಡಿಮೆಯಿಲ್ಲ.

ಹಳೆಯ ಸ್ಕೋಪು ಕೈಗೆ ಬಂದರೆ ಹಗಲಿನಲ್ಲಿ ನೋಡಿ ಮೆಚ್ಚಬೇಡಿ. ಸಂಜೆ ದೀಪ ಹಚ್ಚುವ ಹೊತ್ತಿಗೆ, ರೈಫಲ್ಲಿಗೆ ಕಟ್ಟದೆಯೇ, ಕಿಟಕಿಯ ಕಟ್ಟೆಯ ಮೇಲೆ ಇಟ್ಟು ಎದುರಿನ ಮರದ ಕೊಂಬೆಗಳನ್ನು ನೋಡುತ್ತ ಕುಳಿತುಕೊಳ್ಳಿ. ಬರಿಗಣ್ಣಿಗೆ ಕೊಂಬೆಗಳು ಒಂದಾಗಿ ಕಲಸಿಹೋದ ಮೇಲೂ ಸ್ಕೋಪಿನಲ್ಲಿ ಎಷ್ಟು ಹೊತ್ತು ಬೇರೆಬೇರೆಯಾಗಿ ಎಣಿಸಲು ಬರುತ್ತವೆ ಎಂಬುದನ್ನು ಗಡಿಯಾರ ನೋಡಿ ಬರೆದುಕೊಳ್ಳಿ. ಮಾರನೆಯ ಸಂಜೆ ಅದೇ ಕಿಟಕಿಯಲ್ಲಿ ಇನ್ನೊಂದು ಸ್ಕೋಪನ್ನಿಟ್ಟು ಹಾಗೆಯೇ ನೋಡಿ.