ಎಮ್ಮೆ ಹೊರಗೆ, ಹುಲ್ಲು ಒಳಗೆ

ಕೇಳುಗರಿಗೆ ನಮಸ್ಕಾರ.

ರಾಜಸ್ಥಾನದ ಭರತಪುರದಲ್ಲಿ ಕೇವಲಾದೇವ್ ಎಂಬ ಶಿವನ ಗುಡಿ ಇದೆ. ಸುತ್ತ ನೀರು, ಜೌಗು, ಜಾಲಿಮರ. ಗುಡಿಯ ಹತ್ತಿರ ಕಲ್ಲಿನ ಫಲಕಗಳನ್ನು ನಿಲ್ಲಿಸಿದ್ದಾರೆ. ದಾನ ದತ್ತಿಯ ಶಾಸನ ಇರಬಹುದು ಅಂದುಕೊಂಡು ಓದಲು ಹೋದರೆ, ಅದು ಶಿಕಾರಿಯ ಲೆಕ್ಕ! ತಾರೀಖು, ಬಂದ ಅತಿಥಿ, ಎಷ್ಟು ಬಂದೂಕು, ಎಷ್ಟು ಹಕ್ಕಿ. 1938ರ ನವೆಂಬರ್ 12ರ ಸಾಲು ವೈಸ್‌ರಾಯ್ ಲಿನ್‌ಲಿತ್‌ಗೋ ಅವರದ್ದು. ಆ ಒಂದೇ ದಿನ ಹೊಡೆದ ಹಕ್ಕಿಗಳು 4,273.

ಇವತ್ತು ಆ ಜಾಗ ರಾಷ್ಟ್ರೀಯ ಉದ್ಯಾನ. ಉದ್ಯಾನ ಅಂದ ಕೂಡಲೇ ನನಗಂತೂ ಲಾಲ್‌ಬಾಗಿನ ಹೂವಿನ ಪಾತಿ ನೆನಪಾಗುತ್ತದೆ. ಹುಲಿ, ಆನೆ ಓಡಾಡುವ ಕಾಡಿಗೆ ಯಾರು ಈ ಹೆಸರಿಟ್ಟರೋ! ಇರಲಿ. ನಮ್ಮ ದೇಶದ ಹಳೆಯ ಉದ್ಯಾನಗಳಲ್ಲಿ ಎಷ್ಟೋ ಹಿಂದೆ ರಾಜರ, ದೊರೆಗಳ ಬೇಟೆಯ ಕಾಡುಗಳೇ. ಹೊರಗಿನವರು ಅಲ್ಲಿ ಬಂದೂಕು ಎತ್ತುವ ಹಾಗಿರಲಿಲ್ಲ. ಹಾಗಾಗಿ ಪ್ರಾಣಿಗಳು ಉಳಿದವು.

ನಮ್ಮಲ್ಲಿ ಮೊದಲನೆಯದು ಶುರುವಾದದ್ದು 1936ರಲ್ಲಿ, ಈಗಿನ ಉತ್ತರಾಖಂಡದಲ್ಲಿ. ಆಗಿನ ಗವರ್ನರ್ ಮಾಲ್ಕಮ್ ಹೇಲಿ ಹೆಸರನ್ನೇ ಅದಕ್ಕೆ ಇಟ್ಟರು. ಸ್ವಾತಂತ್ರ್ಯ ಬಂದ ಮೇಲೆ ರಾಮಗಂಗಾ ಆಯಿತು, ಆಮೇಲೆ ಜಿಮ್ ಕಾರ್ಬೆಟ್ ಹೆಸರು ಬಂತು. ಅವರೂ ಬೇಟೆಗಾರರೇ, ಅಲ್ವಾ? ನಮ್ಮ ಮೈಸೂರಿನಲ್ಲೂ ಹೀಗೇ. 1931ರಲ್ಲಿ ಬಂಡೀಪುರದ ಸುತ್ತ ಸುಮಾರು 90 ಚದರ ಕಿಲೋಮೀಟರ್ ಕಾಡನ್ನು ಕಾಪಾಡಲು ಮಹಾರಾಜರ ಸರ್ಕಾರ ಹೊರಟಿತು. ಅದು ಸಾಲದು ಅಂತ 1941ರಲ್ಲಿ ಸುಮಾರು 800 ಚದರ ಕಿಲೋಮೀಟರ್‌ಗೆ ಹಿಗ್ಗಿಸಿ ವೇಣುಗೋಪಾಲ ವನ್ಯಜೀವಿ ಉದ್ಯಾನ ಮಾಡಿದರು. ಗೋಪಾಲಸ್ವಾಮಿ ಬೆಟ್ಟದ ದೇವರ ಹೆಸರು.

ನಿಜವಾದ ತಿರುವು ಬಂದದ್ದು 1972ರಲ್ಲಿ. ಆ ವರ್ಷದ ಎಣಿಕೆಯಲ್ಲಿ ದೇಶಕ್ಕೆಲ್ಲ ಸೇರಿ ಸಿಕ್ಕ ಹುಲಿಗಳು 1,827. ಅದೇ ವರ್ಷ ವನ್ಯಜೀವಿ ಸಂರಕ್ಷಣಾ ಕಾಯ್ದೆ ಬಂತು. ಮರುವರ್ಷ ಹುಲಿ ಯೋಜನೆ ಶುರುವಾಯಿತು. ಮೊದಲ ಒಂಬತ್ತು ಕಾಡುಗಳಲ್ಲಿ ಬಂಡೀಪುರವೂ ಒಂದು. ಅಲ್ಲಿಯವರೆಗೆ ಬೆರಳೆಣಿಕೆಯಷ್ಟಿದ್ದ ರಾಷ್ಟ್ರೀಯ ಉದ್ಯಾನಗಳು ಈಗ ನೂರು ದಾಟಿವೆ. ಕರ್ನಾಟಕದಲ್ಲೇ ಐದಿವೆ.

ಈ ಕಾಯ್ದೆಯಲ್ಲಿ ಒಂದು ಸಣ್ಣ ಮಾತಿದೆ. ಅಭಯಾರಣ್ಯವಾದರೆ ದನ ಮೇಯಿಸಲು ಒಪ್ಪಿಗೆ ಸಿಗಬಹುದು. ರಾಷ್ಟ್ರೀಯ ಉದ್ಯಾನದಲ್ಲಿ ಮಾತ್ರ ದನ ಕಾಲಿಡುವ ಹಾಗೇ ಇಲ್ಲ.

ಭರತಪುರದಲ್ಲಿ ಈ ಮಾತು ದುಬಾರಿಯಾಯಿತು. ಸುತ್ತಲಿನ ಹಳ್ಳಿಗಳ ಎಮ್ಮೆಗಳು ತಲೆಮಾರುಗಳಿಂದ ಅಲ್ಲಿ ಮೇಯುತ್ತಿದ್ದವು. 1982ರಲ್ಲಿ ಮೇವು ಬಂದ್. ಜನ ತಿರುಗಿಬಿದ್ದರು. ಗೋಲಿಬಾರ್ ಆಯಿತು, ಹಳ್ಳಿಯವರು ಸತ್ತರು. ಹಕ್ಕಿಗಳಿಗಾದರೂ ಒಳ್ಳೆಯದಾಯಿತಾ? ಅದೂ ಇಲ್ಲ. ಮೇಯುವ ಬಾಯಿಗಳು ಹೋದ ಮೇಲೆ ನೀರಿನ ಮೇಲೆಲ್ಲ ಹುಲ್ಲು ಹಬ್ಬಿಕೊಂಡಿತು. ಮೀನು ಕಡಿಮೆಯಾಯಿತು. ನೀರುಹಕ್ಕಿಗಳಿಗೆ ಇಳಿಯಲು ಜಾಗವೇ ಇಲ್ಲದಂತಾಯಿತು. ಬಾಂಬೆ ನ್ಯಾಚುರಲ್ ಹಿಸ್ಟರಿ ಸೊಸೈಟಿಯವರು ವರ್ಷಗಟ್ಟಲೆ ಅಲ್ಲೇ ಕೂತು ಅಧ್ಯಯನ ಮಾಡಿ ಇದನ್ನು ಬರೆದಿಟ್ಟರು. ಕೆರೆಯನ್ನು ಹಸನಾಗಿ ಇಟ್ಟಿದ್ದೇ ಎಮ್ಮೆ! ಆಮೇಲೆ ಹಳ್ಳಿಯವರನ್ನೇ ಕರೆದು, ಹುಲ್ಲು ಕುಯ್ದುಕೊಂಡು ಹೋಗಿ ಅಂದರು.

ಇದು ಉತ್ತರದ ಕಥೆ ಅಂತ ಸುಮ್ನೆ ಬಿಡುವ ಹಾಗಿಲ್ಲ. ನಮ್ಮ ಬಿಳಿಗಿರಿರಂಗನ ಬೆಟ್ಟಕ್ಕೆ ಬನ್ನಿ. ಅದು ಅಭಯಾರಣ್ಯ, ಈಗ ಹುಲಿ ಸಂರಕ್ಷಿತ ಪ್ರದೇಶವೂ ಹೌದು. ಅಲ್ಲಿನ ಸೋಲಿಗರು ಹಿಂದೆ ಬೇಸಿಗೆಯ ಶುರುವಿನಲ್ಲೇ ಉದುರಿದ ಎಲೆಗೆ ಸಣ್ಣ ಬೆಂಕಿ ಇಡುತ್ತಿದ್ದರು. ತರಗುಬೆಂಕಿ ಅನ್ನುತ್ತಾರೆ ಅದಕ್ಕೆ. ನೆಲಮಟ್ಟದಲ್ಲೇ ಉರಿದು ಆರಿಹೋಗುವ ಬೆಂಕಿ. ಕಾಡಿನ ಬೆಂಕಿ ಅಂದರೆ ಅಪರಾಧ ಅಂತ ಅದನ್ನು ನಿಲ್ಲಿಸಿದರು. ಅಲ್ಲಿಂದಲೇ ಲಂಟಾನ ಅನ್ನುವ ಕಳೆ ಜಾಸ್ತಿಯಾಯಿತು, ನೆಲ್ಲಿಮರಗಳಿಗೆ ಉಪ್ಪಿಲು ಅಂಟಿಕೊಂಡಿತು ಅನ್ನುತ್ತಾರೆ ಸೋಲಿಗರು. ಉಪ್ಪಿಲು ಅಂದರೆ ಕೊಂಬೆ ಮೇಲೆ ಕೂತು ಮರವನ್ನೇ ಹೀರುವ ಬಂದಳಿಕೆ.

2006ರ ಅರಣ್ಯ ಹಕ್ಕು ಕಾಯ್ದೆ ಹಿಡಿದುಕೊಂಡು ಅವರು ಬಿಡದೆ ಓಡಾಡಿದರು. 2011ರಲ್ಲಿ ಅವರ ಪೋಡುಗಳಿಗೆ, ಅಂದರೆ ಹಾಡಿಗಳಿಗೆ, ಸಮುದಾಯದ ಹಕ್ಕುಪತ್ರ ಸಿಕ್ಕಿತು. ಹುಲಿ ಸಂರಕ್ಷಿತ ಪ್ರದೇಶವೊಂದರಲ್ಲಿ ಇಂಥ ಹಕ್ಕು ಸಿಕ್ಕಿದ್ದು ದೇಶದಲ್ಲೇ ಮೊದಲು. ಜೇನು, ನೆಲ್ಲಿಕಾಯಿ ತರಲು ಈಗ ಹಕ್ಕಿದೆ. ತರಗುಬೆಂಕಿ ಹಚ್ಚಲು ಮಾತ್ರ ಇನ್ನೂ ಯಾರೂ ಹೂಂ ಅಂದಿಲ್ಲ.

ನಮಸ್ಕಾರ.